ಶುಚಿತ್ವ ಸಲಕರಣೆಗಳಿಗೆ ಬಣ್ಣದ ಗುರುತು: ಸೋಂಕು ಹರಡದಂತೆ ತಡೆಯುವ ಕ್ರಮ

(ಪಾಂಡವಪುರ ಉಪವಿಭಾಗದ ಶ್ರೀರಂಗಪಟ್ಟಣ, ಪಾಂಡವಪುರ, ಕೃಷ್ಣರಾಜಪೇಟೆ ಹಾಗೂ ನಾಗಮಂಗಲ ತಾಲ್ಲೂಕುಗಳ ಅರ್ಜಿದಾರರು ಮತ್ತು ಸಾರ್ವಜನಿಕರ ಮಾಹಿತಿಗಾಗಿ)

1. ಪೀಠಿಕೆ

ಮಂಡ್ಯ ಜಿಲ್ಲೆಯ ಏಳು ತಾಲ್ಲೂಕುಗಳ ಪೈಕಿ ಶ್ರೀರಂಗಪಟ್ಟಣ, ಪಾಂಡವಪುರ, ಕೃಷ್ಣರಾಜಪೇಟೆ ಹಾಗೂ ನಾಗಮಂಗಲ ತಾಲ್ಲೂಕುಗಳು ಪಾಂಡವಪುರ ಉಪವಿಭಾಗಕ್ಕೆ ಸೇರಿವೆ. ಈ ನಾಲ್ಕೂ ತಾಲ್ಲೂಕುಗಳಲ್ಲಿ ಸಾರ್ವಜನಿಕ ಆಸ್ಪತ್ರೆಗಳು, ಪ್ರಾಥಮಿಕ ಆರೋಗ್ಯ ಕೇಂದ್ರಗಳು, ಖಾಸಗಿ ಚಿಕಿತ್ಸಾಲಯಗಳು, ಹೋಟೆಲುಗಳು, ಕಲ್ಯಾಣ ಮಂಟಪಗಳು, ವಿದ್ಯಾರ್ಥಿ ನಿಲಯಗಳು ಹಾಗೂ ಆಲೆಮನೆಗಳು ಕಾರ್ಯನಿರ್ವಹಿಸುತ್ತಿವೆ. ಶ್ರೀರಂಗಪಟ್ಟಣದ ಶ್ರೀರಂಗನಾಥಸ್ವಾಮಿ ದೇವಾಲಯ, ಪಾಂಡವಪುರ ತಾಲ್ಲೂಕಿನ ಮೇಲುಕೋಟೆ, ನಾಗಮಂಗಲ ತಾಲ್ಲೂಕಿನ ಆದಿಚುಂಚನಗಿರಿ ಮೊದಲಾದ ಕ್ಷೇತ್ರಗಳಿಗೆ ವರ್ಷವಿಡೀ ಯಾತ್ರಿಕರು ಬರುತ್ತಾರೆ. ವೈರಮುಡಿ ಉತ್ಸವದಂತಹ ಸಂದರ್ಭಗಳಲ್ಲಿ ತಾತ್ಕಾಲಿಕ ಅಡುಗೆಮನೆ ಹಾಗೂ ಶೌಚಾಲಯಗಳು ಒಂದೇ ಆವರಣದಲ್ಲಿ ಏರ್ಪಡುವುದುಂಟು.

ಇಂತಹ ಸ್ಥಳಗಳಲ್ಲಿ ಶುಚಿತ್ವ ಕಾರ್ಯ ನಡೆಯುತ್ತಿದ್ದರೂ ಕೆಲವೊಮ್ಮೆ ಆ ಕಾರ್ಯದಿಂದಲೇ ರೋಗ ಹರಡುವ ಸಂಭವವಿರುತ್ತದೆ. ಶೌಚಾಲಯ ಒರೆಸಿದ ಮಾಪನ್ನು ವಾರ್ಡಿಗೆ ತಂದಾಗ ಅಥವಾ ಹಸಿ ಕೋಳಿಮಾಂಸ ಕತ್ತರಿಸಿದ ಹಲಗೆಯನ್ನು ಒರೆಸಿದ ಬಟ್ಟೆಯಿಂದಲೇ ಊಟದ ಮೇಜನ್ನು ಒರೆಸಿದಾಗ ನೆಲ ಹಾಗೂ ಮೇಜು ನೋಡಲು ಸ್ವಚ್ಛವಾಗಿರುತ್ತವೆ. ಆದರೆ ರೋಗಾಣುಗಳು ಒಂದೆಡೆಯಿಂದ ಮತ್ತೊಂದೆಡೆಗೆ ಸಾಗಿರುತ್ತವೆ. ಇದನ್ನು ತಡೆಯಲು ಪ್ರತಿ ಸ್ಥಳಕ್ಕೆ ಪ್ರತ್ಯೇಕ ಸಲಕರಣೆಗಳನ್ನು ಗೊತ್ತುಪಡಿಸಿ, ಅವುಗಳನ್ನು ಬಣ್ಣದಿಂದ ಗುರುತಿಸುವ ಕ್ರಮವು ಸರಳವೂ ಕಡಿಮೆ ವೆಚ್ಚದ್ದೂ ಆಗಿದೆ. ಈ ಕ್ರಮದ ವಿವರಗಳನ್ನು ಇಲ್ಲಿ ನೀಡಲಾಗಿದೆ.

2. ಸೋಂಕು ವರ್ಗಾವಣೆಯಾಗುವ ಬಗೆ

ರೋಗಾಣುಗಳು ತಾವಾಗಿ ದೂರ ಚಲಿಸಲಾರವು. ಕೈ, ಬಟ್ಟೆ, ಬಕೆಟ್‌ನ ನೀರು, ಪೊರಕೆ, ಚಾಕು ಹಾಗೂ ಹಲಗೆಗಳು ಅವುಗಳಿಗೆ ವಾಹನಗಳಾಗುತ್ತವೆ. ಒದ್ದೆ ಮಾಪ್ ಇವುಗಳಲ್ಲಿ ಮುಖ್ಯವಾದುದು. ತೇವ, ಕೊಳೆ ಹಾಗೂ ಬೆಚ್ಚನೆಯ ವಾತಾವರಣ ದೊರೆತಲ್ಲಿ ಬ್ಯಾಕ್ಟೀರಿಯಾಗಳು ವೇಗವಾಗಿ ವೃದ್ಧಿಯಾಗುತ್ತವೆ. ರಾತ್ರಿಯಿಡೀ ಕೊಳೆನೀರಿನ ಬಕೆಟ್‌ನಲ್ಲಿ ನೆನೆದ ಮಾಪ್ ಮರುದಿನ ಬೆಳಿಗ್ಗೆ ನೆಲಕ್ಕೆ ತಾಗಿದಾಗ ಕೊಳೆಯನ್ನು ತೆಗೆಯುವುದರ ಬದಲು ಸೋಂಕನ್ನು ಬಳಿಯುತ್ತದೆ.

ಒಣಗಿದ ಮೇಲ್ಮೈಗಳೂ ಸುರಕ್ಷಿತವಲ್ಲ. ಹೆಪಟೈಟಿಸ್ ಬಿ ವೈರಾಣುವು ಒಣಗಿದ ರಕ್ತದ ಕಲೆಯಲ್ಲಿ ಕನಿಷ್ಠ 7 ದಿನಗಳ ಕಾಲ ಸೋಂಕು ತಗುಲಿಸುವ ಶಕ್ತಿಯನ್ನು ಉಳಿಸಿಕೊಂಡಿರಬಲ್ಲದು. ಶೌಚಾಲಯದಿಂದ ಅಡುಗೆಮನೆಗೆ ಸಾಗುವ ಸೋಂಕಿನಿಂದ ವಾಂತಿಭೇದಿ, ವಿಷಮಶೀತ ಜ್ವರ ಹಾಗೂ ಹೆಪಟೈಟಿಸ್ ಎ ಕಾಮಾಲೆ ಉಂಟಾಗಬಹುದು. ಹಸಿ ಮಾಂಸ ಹಾಗೂ ಮೊಟ್ಟೆಯಿಂದ ಸಾಲ್ಮೊನೆಲ್ಲಾ ಬ್ಯಾಕ್ಟೀರಿಯಾ ಬೇಯಿಸಿದ ಆಹಾರಕ್ಕೆ ತಗುಲಬಹುದು. ಬೇಯಿಸಿದ ಆಹಾರವನ್ನು ಮತ್ತೆ ಬೇಯಿಸದೆ ಬಡಿಸುವುದರಿಂದ ಈ ಹಂತದಲ್ಲಿ ಸೇರಿದ ರೋಗಾಣು ನೇರವಾಗಿ ಉಣ್ಣುವವರನ್ನು ತಲುಪುತ್ತದೆ.

ಬಾಣಂತಿಯರು, ನವಜಾತ ಶಿಶುಗಳು, ವೃದ್ಧರು, ಶಸ್ತ್ರಚಿಕಿತ್ಸೆಗೆ ಒಳಗಾದವರು ಹಾಗೂ ಮಧುಮೇಹಿಗಳಿಗೆ ಅಪಾಯ ಹೆಚ್ಚು. 1847ರಲ್ಲಿ ವಿಯೆನ್ನಾದ ಹೆರಿಗೆ ಆಸ್ಪತ್ರೆಯೊಂದರಲ್ಲಿ ವೈದ್ಯ ಇಗ್ನಾಝ್ ಸೆಮ್ಮೆಲ್‌ವೈಸ್ ಅವರು ಶವಪರೀಕ್ಷೆ ಮಾಡಿದ ಕೈಗಳಿಂದಲೇ ಹೆರಿಗೆ ಮಾಡಿಸುತ್ತಿದ್ದುದು ಬಾಣಂತಿಯರ ಸಾವಿಗೆ ಕಾರಣವೆಂದು ಗುರುತಿಸಿ, ಕ್ಲೋರಿನ್‌ಯುಕ್ತ ಸುಣ್ಣದ ದ್ರಾವಣದಲ್ಲಿ ಕೈ ತೊಳೆಯುವುದನ್ನು ಕಡ್ಡಾಯಗೊಳಿಸಿದರು. ಸಾವಿನ ಪ್ರಮಾಣ ಗಣನೀಯವಾಗಿ ಇಳಿಯಿತು. ಒಂದು ಕೋಣೆಯ ಸೋಂಕನ್ನು ಮತ್ತೊಂದು ಕೋಣೆಗೆ ಒಯ್ಯಬಾರದೆಂಬ ಅದೇ ತತ್ವವನ್ನು ಬಣ್ಣದ ಗುರುತು ಮಾಪ್ ಹಾಗೂ ಬಕೆಟ್‌ಗಳಿಗೆ ಅನ್ವಯಿಸುತ್ತದೆ.

3. ಬಣ್ಣ ಸಂಕೇತ

ಬ್ರಿಟನ್ನಿನ ರಾಷ್ಟ್ರೀಯ ಆರೋಗ್ಯ ಸೇವೆಯ ಆಸ್ಪತ್ರೆಗಳಿಗಾಗಿ ಅಲ್ಲಿನ ರಾಷ್ಟ್ರೀಯ ರೋಗಿ ಸುರಕ್ಷತಾ ಸಂಸ್ಥೆಯು 2007ರಲ್ಲಿ ಪ್ರಕಟಿಸಿದ ಸಂಕೇತವು ಅನೇಕ ದೇಶಗಳಲ್ಲಿ ಮಾದರಿಯಾಗಿ ಬಳಕೆಯಲ್ಲಿದೆ. ಅದು ಕೆಳಕಂಡಂತಿದೆ:

ಕೆಂಪು: ಶೌಚಾಲಯ, ಮೂತ್ರಾಲಯ, ಸ್ನಾನಗೃಹ ಹಾಗೂ ಅವುಗಳ ನೆಲ.
ನೀಲಿ: ವಾರ್ಡ್, ಕಚೇರಿ, ಹೊರರೋಗಿ ವಿಭಾಗ, ನಿರೀಕ್ಷಣಾ ಸ್ಥಳ ಮೊದಲಾದ ಸಾಮಾನ್ಯ ಪ್ರದೇಶಗಳು.
ಹಸಿರು: ಅಡುಗೆಮನೆ ಹಾಗೂ ಆಹಾರ ಬಡಿಸುವ ಸ್ಥಳ.
ಹಳದಿ: ಸಾಂಕ್ರಾಮಿಕ ರೋಗಿಗಳನ್ನು ಪ್ರತ್ಯೇಕವಾಗಿರಿಸುವ ಕೊಠಡಿ.

ಆಸ್ಪತ್ರೆಗಳ ಹೊರಗೆ ಕೆಲವೆಡೆ ಹಳದಿಯನ್ನು ಕೈತೊಳೆಯುವ ತೊಟ್ಟಿ ಹಾಗೂ ಅದರ ಸುತ್ತಲಿನ ಮೇಲ್ಮೈಗಳಿಗೆ ಬಳಸುವ ರೂಢಿಯೂ ಇದೆ. ಆದುದರಿಂದ ಯಾವ ಬಣ್ಣ ಆಯ್ದುಕೊಳ್ಳಲಾಗಿದೆ ಎನ್ನುವುದಕ್ಕಿಂತ ಒಂದು ಸಂಸ್ಥೆಯೊಳಗೆ ಆ ಬಣ್ಣಕ್ಕೆ ಒಂದೇ ಅರ್ಥವಿರುವುದು ಮುಖ್ಯ. ಒಮ್ಮೆ ನಿಗದಿಪಡಿಸಿದ ಸಂಕೇತವನ್ನು ಪಾಳಿಯಿಂದ ಪಾಳಿಗೆ ಅಥವಾ ಮೇಲ್ವಿಚಾರಕರು ಬದಲಾದಂತೆ ಬದಲಾಯಿಸತಕ್ಕದ್ದಲ್ಲ. ಸಂಕೇತದ ಪಟ್ಟಿಯನ್ನು ಚಿತ್ರಸಹಿತವಾಗಿ ಸಲಕರಣೆ ಇಡುವ ಸ್ಥಳದಲ್ಲಿ ಗೋಡೆಗೆ ಅಂಟಿಸತಕ್ಕದ್ದು.

ಶಸ್ತ್ರಚಿಕಿತ್ಸಾ ಕೊಠಡಿ, ಹೆರಿಗೆ ಕೊಠಡಿ ಹಾಗೂ ನವಜಾತ ಶಿಶು ಘಟಕಗಳಿಗೆ ಬಣ್ಣ ಯಾವುದೇ ಇರಲಿ, ಪ್ರತ್ಯೇಕ ಸಲಕರಣೆಗಳಿರಬೇಕು. ಅವು ಆ ಕೊಠಡಿಯ ಹೊಸ್ತಿಲು ದಾಟಿ ಹೊರಗಿನ ಬಳಕೆಗೆ ಹೋಗತಕ್ಕದ್ದಲ್ಲ.

4. ಕಸದ ಡಬ್ಬಿಯ ಬಣ್ಣವೇ ಬೇರೆ

ಆಸ್ಪತ್ರೆಗಳಲ್ಲಿ ಕಂಡುಬರುವ ಸಾಮಾನ್ಯ ಗೊಂದಲವೆಂದರೆ ಕಸದ ಚೀಲದ ಬಣ್ಣ ಹಾಗೂ ಮಾಪ್‌ನ ಬಣ್ಣವನ್ನು ಒಂದೇ ಎಂದು ತಿಳಿಯುವುದು. ಜೀವವೈದ್ಯಕೀಯ ತ್ಯಾಜ್ಯ ನಿರ್ವಹಣಾ ನಿಯಮಗಳು, 2016ರಲ್ಲಿ ತ್ಯಾಜ್ಯಕ್ಕೆ ನಿಗದಿಯಾದ ಬಣ್ಣಗಳು ಹೀಗಿವೆ:

ಹಳದಿ: ಅಂಗಾಂಶ, ರಕ್ತ ಹತ್ತಿದ ಹತ್ತಿ ಮತ್ತು ಬ್ಯಾಂಡೇಜ್, ಅವಧಿ ಮೀರಿದ ಔಷಧ ಇತ್ಯಾದಿ.
ಕೆಂಪು: ಬಳಸಿದ ಪ್ಲಾಸ್ಟಿಕ್ ಕೊಳವೆ, ಸೂಜಿ ತೆಗೆದ ಸಿರಿಂಜ್, ಕೈಗವಸು ಇತ್ಯಾದಿ.
ಬಿಳಿ (ಅರೆಪಾರದರ್ಶಕ, ಚುಚ್ಚಿದರೆ ತೂತಾಗದ ಡಬ್ಬಿ): ಸೂಜಿ, ಬ್ಲೇಡ್ ಹಾಗೂ ಇತರ ಹರಿತ ವಸ್ತುಗಳು.
ನೀಲಿ: ಗಾಜಿನ ಸೀಸೆಗಳು ಹಾಗೂ ಲೋಹದ ಇಂಪ್ಲಾಂಟ್‌ಗಳು.

ಈ ಬಣ್ಣಗಳು ಕಾನೂನಿನಿಂದ ನಿಗದಿಯಾಗಿದ್ದು, ಸಂಸ್ಥೆಯು ಅವುಗಳನ್ನು ಬದಲಾಯಿಸುವಂತಿಲ್ಲ. ಕೆಂಪು ಮಾಪ್ ಶೌಚಾಲಯಕ್ಕೆ, ಕೆಂಪು ಚೀಲ ಪ್ಲಾಸ್ಟಿಕ್ ತ್ಯಾಜ್ಯಕ್ಕೆ ಎಂಬ ವ್ಯತ್ಯಾಸವನ್ನು ಹೊಸದಾಗಿ ಸೇರಿದ ಸಿಬ್ಬಂದಿಗೆ ಮೊದಲ ದಿನವೇ ತಿಳಿಸಬೇಕು. ಎರಡೂ ಪಟ್ಟಿಗಳನ್ನು ಒಂದೇ ಫಲಕದಲ್ಲಿ ಬರೆಯದೆ, ತ್ಯಾಜ್ಯದ ಪಟ್ಟಿಯನ್ನು ಡಬ್ಬಿಗಳ ಮೇಲ್ಭಾಗದಲ್ಲಿ ಹಾಗೂ ಸಲಕರಣೆಗಳ ಪಟ್ಟಿಯನ್ನು ಮಾಪ್ ತೂಗುಹಾಕುವ ಸ್ಥಳದಲ್ಲಿ ಪ್ರದರ್ಶಿಸುವುದು ಸೂಕ್ತ.

5. ಆಸ್ಪತ್ರೆ ಹಾಗೂ ಚಿಕಿತ್ಸಾಲಯಗಳಲ್ಲಿ ಅನುಸರಿಸುವ ವಿಧಾನ

ಕೇಂದ್ರ ಆರೋಗ್ಯ ಸಚಿವಾಲಯವು 2015ರಲ್ಲಿ ಸಾರ್ವಜನಿಕ ಆರೋಗ್ಯ ಸಂಸ್ಥೆಗಳಿಗಾಗಿ ಕಾಯಕಲ್ಪ ಕಾರ್ಯಕ್ರಮವನ್ನು ಆರಂಭಿಸಿತು. ಇದರಡಿ ಆಸ್ಪತ್ರೆಯ ಸ್ವಚ್ಛತೆ, ತ್ಯಾಜ್ಯ ನಿರ್ವಹಣೆ ಹಾಗೂ ಸೋಂಕು ನಿಯಂತ್ರಣಗಳನ್ನು ಅಂಕಗಳ ಮೂಲಕ ಅಳೆಯಲಾಗುತ್ತದೆ. ಮೂರು ಬಕೆಟ್ ಪದ್ಧತಿಯು ಇದರ ಭಾಗವಾಗಿದೆ.

(ಅ) ಮೂರು ಬಕೆಟ್ ಪದ್ಧತಿ: ಮೊದಲ ಬಕೆಟ್‌ನಲ್ಲಿ ಸೋಪಿನ ದ್ರಾವಣ, ಎರಡನೆಯದರಲ್ಲಿ ಶುದ್ಧ ನೀರು, ಮೂರನೆಯದರಲ್ಲಿ ಸೋಂಕು ನಿವಾರಕ ಇರುತ್ತದೆ. ಮೊದಲು ಸೋಪಿನ ದ್ರಾವಣದಿಂದ ಒರೆಸಿ, ಮಾಪನ್ನು ಶುದ್ಧ ನೀರಿನಲ್ಲಿ ಜಾಲಾಡಿ ಹಿಂಡಿ, ಅನಂತರ ಸೋಂಕು ನಿವಾರಕದಿಂದ ಒರೆಸಬೇಕು. ಎರಡನೆಯ ಬಕೆಟ್ ಇಲ್ಲದಿದ್ದಲ್ಲಿ ನೆಲದ ಕೊಳೆ ನೇರವಾಗಿ ಸೋಂಕು ನಿವಾರಕಕ್ಕೆ ಸೇರುತ್ತದೆ. ಕೊಳೆ ಸೇರಿದಂತೆಲ್ಲ ಕ್ಲೋರಿನ್‌ನ ಶಕ್ತಿ ಕುಂದುತ್ತದೆ. ನೀರು ಕಲುಷಿತಗೊಂಡ ಕೂಡಲೇ ಬದಲಾಯಿಸತಕ್ಕದ್ದು.

(ಆ) ಶುಚಿಗೊಳಿಸುವ ಕ್ರಮ: ಹೆಚ್ಚು ಸ್ವಚ್ಛವಾದ ಸ್ಥಳದಿಂದ ಹೆಚ್ಚು ಕೊಳೆಯಾದ ಸ್ಥಳದ ಕಡೆಗೆ, ಮೇಲಿನಿಂದ ಕೆಳಕ್ಕೆ ಹಾಗೂ ಒಳಗಿನಿಂದ ಬಾಗಿಲಿನ ಕಡೆಗೆ ಸಾಗಬೇಕು. ಶೌಚಾಲಯವನ್ನು ಕೊನೆಯಲ್ಲಿ ಶುಚಿಗೊಳಿಸಬೇಕು.

(ಇ) ವಾರ್ಡುಗಳಲ್ಲಿ ಒಣ ಪೊರಕೆಯಿಂದ ಗುಡಿಸಬಾರದು. ಧೂಳಿನೊಂದಿಗೆ ರೋಗಾಣುಗಳು ಗಾಳಿಗೇರಿ ಹಾಸಿಗೆ ಹಾಗೂ ಗಾಯಗಳ ಮೇಲೆ ಕುಳಿತುಕೊಳ್ಳುತ್ತವೆ. ಒದ್ದೆ ಮಾಪ್ ಬಳಸಬೇಕು.

(ಈ) ರಕ್ತ ಅಥವಾ ದೇಹದ್ರವ ಚೆಲ್ಲಿದಾಗ: ಕೈಗವಸು ಧರಿಸಿ, ಚೆಲ್ಲಿದ ಭಾಗವನ್ನು ಹೀರುವ ಬಟ್ಟೆ ಅಥವಾ ಕಾಗದದಿಂದ ಮುಚ್ಚಿ, ಶೇ. 1ರ ಸೋಡಿಯಂ ಹೈಪೋಕ್ಲೋರೈಟ್ ದ್ರಾವಣವನ್ನು ಸುರಿದು ಕನಿಷ್ಠ 10 ನಿಮಿಷ ಬಿಡಬೇಕು. ಅನಂತರ ಅದನ್ನು ಸಂಗ್ರಹಿಸಿ ಹಳದಿ ಚೀಲಕ್ಕೆ ಹಾಕಿ, ಸ್ಥಳವನ್ನು ಸೋಪಿನ ನೀರಿನಿಂದ ಒರೆಸಬೇಕು. ಒಡೆದ ಗಾಜನ್ನು ಕೈಯಿಂದ ಎತ್ತದೆ ಇಕ್ಕಳ ಬಳಸಬೇಕು.

(ಉ) ದ್ರಾವಣ ತಯಾರಿಕೆ: ಶೇ. 5ರ ಹೈಪೋಕ್ಲೋರೈಟ್ 1 ಲೀಟರ್‌ಗೆ 4 ಲೀಟರ್ ನೀರು ಬೆರೆಸಿದರೆ ಶೇ. 1ರ ದ್ರಾವಣ 5 ಲೀಟರ್ ದೊರೆಯುತ್ತದೆ. ಮಾರುಕಟ್ಟೆಯಲ್ಲಿ ದೊರೆಯುವ ಸೀಸೆಗಳ ಪ್ರಮಾಣ ಬೇರೆ ಬೇರೆ ಇರುವುದರಿಂದ ಚೀಟಿಯನ್ನು ಓದಿ ಲೆಕ್ಕ ಹಾಕತಕ್ಕದ್ದು. ದ್ರಾವಣವನ್ನು ಪ್ರತಿದಿನ ಹೊಸದಾಗಿ ತಯಾರಿಸತಕ್ಕದ್ದು.

ಎಚ್ಚರಿಕೆ: ಹೈಪೋಕ್ಲೋರೈಟ್ ಅಥವಾ ಬ್ಲೀಚಿಂಗ್ ಪುಡಿಯನ್ನು ಶೌಚಾಲಯ ತೊಳೆಯುವ ಆಸಿಡ್‌ನೊಂದಿಗೆ ಎಂದಿಗೂ ಬೆರೆಸಬಾರದು. ವಿಷಕಾರಿ ಕ್ಲೋರಿನ್ ಅನಿಲ ಹೊರಹೊಮ್ಮಿ ಶ್ವಾಸಕೋಶಕ್ಕೆ ತೀವ್ರ ಹಾನಿಯಾಗುತ್ತದೆ. ಗಾಳಿಯಾಡದ ಶೌಚಾಲಯದಲ್ಲಿ ಪ್ರಾಣಾಪಾಯವೂ ಸಂಭವಿಸಬಹುದು. ಅಮೋನಿಯಾಯುಕ್ತ ದ್ರಾವಣಗಳೊಂದಿಗೂ ಬೆರೆಸಬಾರದು.

6. ಹೋಟೆಲ್, ಕಲ್ಯಾಣ ಮಂಟಪ, ದಾಸೋಹ ಹಾಗೂ ಆಲೆಮನೆಗಳಲ್ಲಿ

ಆಹಾರ ಸುರಕ್ಷತೆ ಮತ್ತು ಗುಣಮಟ್ಟ ಅಧಿನಿಯಮ, 2006ರ ಅಡಿ ಹೊರಡಿಸಲಾದ 2011ರ ಪರವಾನಗಿ ಹಾಗೂ ನೋಂದಣಿ ವಿನಿಯಮಗಳ 4ನೇ ಅನುಸೂಚಿಯು ಆಹಾರೋದ್ಯಮಿಗಳು ಪಾಲಿಸಬೇಕಾದ ನೈರ್ಮಲ್ಯದ ಷರತ್ತುಗಳನ್ನು ವಿವರಿಸುತ್ತದೆ. ಇದರ ಭಾಗ 1 ನೋಂದಣಿ ಪಡೆಯುವ ಸಣ್ಣ ಆಹಾರೋದ್ಯಮಿಗಳಿಗೂ, ಭಾಗ 2 ಪರವಾನಗಿ ಪಡೆಯುವವರಿಗೂ, ಭಾಗ 5 ಹೋಟೆಲ್ ಹಾಗೂ ಅಡುಗೆ ಸೇವೆ ಒದಗಿಸುವವರಿಗೂ ಸಂಬಂಧಿಸಿದೆ. ಹಸಿ ಹಾಗೂ ಬೇಯಿಸಿದ ಆಹಾರಗಳು ಒಂದಕ್ಕೊಂದು ತಾಗದಂತೆ ನೋಡಿಕೊಳ್ಳುವುದು ಉದ್ಯಮಿಯ ಹೊಣೆ. ಬಣ್ಣದ ಗುರುತು ಆ ಹೊಣೆಯನ್ನು ನಿರ್ವಹಿಸುವ ಒಂದು ಸಾಧನ.

ಕತ್ತರಿಸುವ ಹಲಗೆ ಹಾಗೂ ಚಾಕುಗಳಿಗೆ ಹೋಟೆಲ್ ಉದ್ಯಮದಲ್ಲಿ ರೂಢಿಯಲ್ಲಿರುವ ಬಣ್ಣಗಳು:

ಕೆಂಪು: ಹಸಿ ಮಾಂಸ
ನೀಲಿ: ಹಸಿ ಮೀನು
ಹಳದಿ: ಬೇಯಿಸಿದ ಮಾಂಸ
ಹಸಿರು: ಹಣ್ಣು ಹಾಗೂ ಹಸಿಯಾಗಿ ತಿನ್ನುವ ತರಕಾರಿ
ಕಂದು: ಗೆಡ್ಡೆ ಗೆಣಸು
ಬಿಳಿ: ಬೇಕರಿ ಪದಾರ್ಥ ಹಾಗೂ ಹಾಲಿನ ಉತ್ಪನ್ನ

ಹೆದ್ದಾರಿಯ ಬದಿಯ ಸಣ್ಣ ಹೋಟೆಲ್‌ಗೆ ಆರು ಹಲಗೆಗಳನ್ನು ಇರಿಸುವುದು ಕಷ್ಟವಾಗಬಹುದು. ಕನಿಷ್ಠ ಪಕ್ಷ ಹಸಿ ಮಾಂಸ ಮತ್ತು ಮೀನಿಗೆ ಒಂದು, ತರಕಾರಿಗೆ ಒಂದು, ಬೇಯಿಸಿದ ಹಾಗೂ ನೇರವಾಗಿ ತಿನ್ನುವ ಆಹಾರಕ್ಕೆ ಒಂದು ಹೀಗೆ ಮೂರು ಹಲಗೆಗಳಿರಬೇಕು. ಸಸ್ಯಾಹಾರಿ ಹೋಟೆಲ್‌ಗಳಲ್ಲಿಯೂ ಮಣ್ಣು ಹತ್ತಿದ ತರಕಾರಿಯನ್ನು ತೊಳೆಯುವ ಹಾಗೂ ಹೆಚ್ಚುವ ಸ್ಥಳವು ಕೋಸಂಬರಿ ಮತ್ತು ಚಟ್ನಿ ಸಿದ್ಧಪಡಿಸುವ ಸ್ಥಳದಿಂದ ಬೇರೆಯಾಗಿರಬೇಕು.

ಮೇಜು ಒರೆಸುವ ಬಟ್ಟೆಯು ಹೆಚ್ಚಿನ ಗಮನಕ್ಕೆ ಅರ್ಹವಾಗಿದೆ. ಒಂದೇ ಬಟ್ಟೆಯಿಂದ ಎಂಜಲಾದ ಮೇಜು, ಕಾಫಿ ಲೋಟದ ಅಂಚು, ಬಡಿಸುವ ಕಟ್ಟೆ ಹಾಗೂ ಸಪ್ಲೈಯರ್‌ನ ಕೈ ಒರೆಸುವ ರೂಢಿಯನ್ನು ನಿಲ್ಲಿಸಬೇಕು. ಮೇಜಿಗೆ ಒಂದು ಬಣ್ಣದ, ಅಡುಗೆ ಕಟ್ಟೆಗೆ ಇನ್ನೊಂದು ಬಣ್ಣದ ಬಟ್ಟೆಯನ್ನಿಟ್ಟು, ಎರಡನ್ನೂ ಪ್ರತಿದಿನ ಸೋಪಿನಲ್ಲಿ ತೊಳೆದು ಬಿಸಿಲಿನಲ್ಲಿ ಒಣಗಿಸಬೇಕು.

ಜಾತ್ರೆ ಹಾಗೂ ಉತ್ಸವಗಳ ಸಂದರ್ಭದಲ್ಲಿ ದಾಸೋಹ ಏರ್ಪಡಿಸುವವರು ಅಡುಗೆ ಸ್ಥಳದ ಪೊರಕೆ, ಬಕೆಟ್ ಹಾಗೂ ಚೊಂಬುಗಳನ್ನು ಶೌಚಾಲಯಕ್ಕೆ ಒಯ್ಯದಂತೆ ಒಬ್ಬರನ್ನು ಮೇಲ್ವಿಚಾರಣೆಗೆ ನೇಮಿಸುವುದು ಅಗತ್ಯ. ಬಹಳ ಜನ ಸ್ವಯಂಸೇವಕರು ಒಮ್ಮೆಲೇ ಕೆಲಸಕ್ಕೆ ಬರುವ ಇಂತಹ ಕಡೆಗಳಲ್ಲಿ ಬಾಯಿಮಾತಿನ ಸೂಚನೆ ಎಲ್ಲರನ್ನೂ ತಲುಪುವುದಿಲ್ಲ. ಬಕೆಟ್‌ನ ಬಣ್ಣ ಎಲ್ಲರ ಕಣ್ಣಿಗೂ ಬೀಳುತ್ತದೆ.

ಆಲೆಮನೆಗಳಲ್ಲಿ ಅಂಗಳ ಗುಡಿಸುವ ಪೊರಕೆ ಹಾಗೂ ಕೊಪ್ಪರಿಗೆ, ಅಚ್ಚುಗಳನ್ನು ಉಜ್ಜುವ ಬ್ರಷ್ ಪ್ರತ್ಯೇಕವಾಗಿರಬೇಕು. ಬೆಲ್ಲ ಸುರಿಯುವ ಸ್ಥಳದ ಸಲಕರಣೆಗಳಿಗೆ ಹಸಿರು ಗುರುತು ಹಾಕಿ ನೆಲಕ್ಕೆ ತಾಗದಂತೆ ತೂಗುಹಾಕುವುದು ಉತ್ತಮ.

ಸೂಚನೆ: ಕ್ರಮಾಂಕ 5ರಲ್ಲಿ ತಿಳಿಸಿದ ಶೇ. 1ರ ದ್ರಾವಣವು ಆಸ್ಪತ್ರೆಯಲ್ಲಿ ರಕ್ತ ಚೆಲ್ಲಿದ ಸಂದರ್ಭಕ್ಕೆ ಉದ್ದೇಶಿಸಿದ್ದು. ಆಹಾರ ತಾಗುವ ಪಾತ್ರೆ ಹಾಗೂ ಹಲಗೆಗಳಿಗೆ ಅದನ್ನು ಬಳಸತಕ್ಕದ್ದಲ್ಲ.

7. ಕಡಿಮೆ ವೆಚ್ಚದಲ್ಲಿ ಅಳವಡಿಸುವ ಬಗೆ

ಬಣ್ಣದ ಸಲಕರಣೆಗಳನ್ನು ಹೊಸದಾಗಿ ಖರೀದಿಸಲೇಬೇಕೆಂದಿಲ್ಲ. ಇರುವ ಮಾಪ್‌ನ ಕೋಲಿಗೆ ಹಾಗೂ ಬಕೆಟ್‌ನ ಹಿಡಿಗೆ ಬಣ್ಣ ಬಳಿಯಬಹುದು ಅಥವಾ ಬಣ್ಣದ ಟೇಪ್ ಸುತ್ತಬಹುದು. ಟೇಪ್ ನೀರಿನಲ್ಲಿ ಬಿಟ್ಟುಹೋಗುವುದರಿಂದ ಆಗಾಗ್ಗೆ ಪರಿಶೀಲಿಸಬೇಕು. ಮಾಪ್, ಬಕೆಟ್, ಬಟ್ಟೆ ಹಾಗೂ ಕೈಗವಸು ಈ ನಾಲ್ಕೂ ಒಂದೇ ಬಣ್ಣದಲ್ಲಿರುವುದು ಅಪೇಕ್ಷಣೀಯ. ಕೆಂಪು ಮಾಪನ್ನು ನೀಲಿ ಬಕೆಟ್‌ನಲ್ಲಿ ಅದ್ದಿದರೆ ಗುರುತಿನ ಉದ್ದೇಶವೇ ವಿಫಲವಾಗುತ್ತದೆ.

ಬಣ್ಣದ ಗುರುತಿನ ಮುಖ್ಯ ಅನುಕೂಲವೆಂದರೆ ಓದು ಬರಹ ಬಾರದವರಿಗೂ, ಬೇರೆ ರಾಜ್ಯಗಳಿಂದ ಬಂದು ಕನ್ನಡ ತಿಳಿಯದ ಕೆಲಸಗಾರರಿಗೂ ಅದು ಅರ್ಥವಾಗುತ್ತದೆ. ಆದರೆ ಕೆಲವರಿಗೆ, ವಿಶೇಷವಾಗಿ ಪುರುಷರಲ್ಲಿ ಕೆಲವರಿಗೆ, ಕೆಂಪು ಮತ್ತು ಹಸಿರು ಬಣ್ಣಗಳ ವ್ಯತ್ಯಾಸ ಕಾಣುವುದಿಲ್ಲ. ಶೌಚಾಲಯಕ್ಕೆ ಕೆಂಪು ಹಾಗೂ ಅಡುಗೆಮನೆಗೆ ಹಸಿರು ಎಂಬ ಸಂಕೇತದಲ್ಲಿ ಇವರೆಡು ಬಣ್ಣಗಳು ಅದಲುಬದಲಾಗುವುದೇ ಅತ್ಯಂತ ಅಪಾಯಕರ. ಆದುದರಿಂದ ಬಣ್ಣದ ಜೊತೆಗೆ ಚಿತ್ರ ಅಥವಾ ಆಕಾರದ ಗುರುತು ಹಾಕುವುದು ಹಾಗೂ ಎರಡನ್ನೂ ಬೇರೆ ಬೇರೆ ಕೊಠಡಿಗಳಲ್ಲಿ ಇಡುವುದು ಅಗತ್ಯ.

ಬಳಸಿದ ನಂತರ ಮಾಪನ್ನು ಸೋಪಿನ ನೀರಿನಲ್ಲಿ ತೊಳೆದು, ಹಿಂಡಿ, ನೆಲಕ್ಕೆ ತಾಗದಂತೆ ಬಿಸಿಲಿನಲ್ಲಿ ಒಣಗಿಸಬೇಕು. ಬಕೆಟ್‌ಗಳನ್ನು ತೊಳೆದು ಬೋರಲು ಹಾಕಬೇಕು. ಬೇರೆ ಬೇರೆ ಬಣ್ಣದ ಬಟ್ಟೆಗಳನ್ನು ಒಟ್ಟಿಗೆ ತೊಳೆಯಬಾರದು.

8. ಅರ್ಜಿದಾರರು ಗಮನಿಸಬೇಕಾದ ಅಂಶಗಳು

(1) ಖಾಸಗಿ ಚಿಕಿತ್ಸಾಲಯ, ನರ್ಸಿಂಗ್ ಹೋಂ ಹಾಗೂ ಪ್ರಯೋಗಾಲಯಗಳು ಕರ್ನಾಟಕ ಖಾಸಗಿ ವೈದ್ಯಕೀಯ ಸಂಸ್ಥೆಗಳ ಅಧಿನಿಯಮ, 2007ರ ಅಡಿ ನೋಂದಣಿ ಪಡೆಯತಕ್ಕದ್ದು.

(2) ಸದರಿ ಸಂಸ್ಥೆಗಳು ಜೀವವೈದ್ಯಕೀಯ ತ್ಯಾಜ್ಯಕ್ಕೆ ಸಂಬಂಧಿಸಿದಂತೆ ಕರ್ನಾಟಕ ರಾಜ್ಯ ಮಾಲಿನ್ಯ ನಿಯಂತ್ರಣ ಮಂಡಳಿಯ ಅಧಿಕಾರಪತ್ರವನ್ನು ಹೊಂದಿರತಕ್ಕದ್ದು. ಹಾಸಿಗೆ ಸೌಲಭ್ಯವಿಲ್ಲದ ಸಂಸ್ಥೆಗಳಿಗೆ ಇದು ಒಂದೇ ಬಾರಿಯ ಅಧಿಕಾರಪತ್ರವಾಗಿರುತ್ತದೆ.

(3) ತ್ಯಾಜ್ಯ ನಿರ್ವಹಿಸುವ ಸಿಬ್ಬಂದಿಗೆ ತರಬೇತಿ, ರಕ್ಷಣಾ ಸಾಮಗ್ರಿ ಹಾಗೂ ಹೆಪಟೈಟಿಸ್ ಬಿ ಮತ್ತು ಧನುರ್ವಾಯು ಲಸಿಕೆ ನೀಡುವುದು ಸಂಸ್ಥೆಯ ಕರ್ತವ್ಯ. ಗುತ್ತಿಗೆ ನೌಕರರೆಂಬ ಕಾರಣಕ್ಕೆ ಇದನ್ನು ನಿರಾಕರಿಸುವಂತಿಲ್ಲ.

(4) ಆಹಾರೋದ್ಯಮಿಗಳು ತಮ್ಮ ವಾರ್ಷಿಕ ವಹಿವಾಟಿಗೆ ಅನುಗುಣವಾಗಿ ನೋಂದಣಿ ಅಥವಾ ಪರವಾನಗಿಗೆ ಫಾಸ್ಕಾಸ್ ಜಾಲತಾಣದ ಮೂಲಕ ಅರ್ಜಿ ಸಲ್ಲಿಸತಕ್ಕದ್ದು. ಆಹಾರ ನಿರ್ವಹಿಸುವ ಸಿಬ್ಬಂದಿಯ ವೈದ್ಯಕೀಯ ತಪಾಸಣೆಯನ್ನು ವರ್ಷಕ್ಕೊಮ್ಮೆ ಮಾಡಿಸತಕ್ಕದ್ದು.

(5) ಸಲ್ಲಿಸಿದ ಅರ್ಜಿಗೆ ಸ್ವೀಕೃತಿ ಪಡೆಯತಕ್ಕದ್ದು. ಕರ್ನಾಟಕ ಸಕಾಲ ಸೇವೆಗಳ ಅಧಿನಿಯಮ, 2011ರ ವ್ಯಾಪ್ತಿಗೆ ಬರುವ ಸೇವೆಗಳಲ್ಲಿ ಸ್ವೀಕೃತಿ ಸಂಖ್ಯೆಯ ಮೂಲಕ ಅರ್ಜಿಯ ಸ್ಥಿತಿಯನ್ನು ತಿಳಿಯಬಹುದು.

9. ಸಾಮಾನ್ಯವಾಗಿ ಕೇಳಲಾಗುವ ಪ್ರಶ್ನೆಗಳು

ಪ್ರಶ್ನೆ: ಒಬ್ಬರೇ ವೈದ್ಯರಿರುವ ಸಣ್ಣ ಚಿಕಿತ್ಸಾಲಯಕ್ಕೆ ಎಷ್ಟು ಜೊತೆ ಸಲಕರಣೆಗಳು ಬೇಕು?
ಉತ್ತರ: ಶೌಚಾಲಯಕ್ಕೆ ಒಂದು ಹಾಗೂ ತಪಾಸಣಾ ಕೊಠಡಿ ಮತ್ತು ನಿರೀಕ್ಷಣಾ ಸ್ಥಳಕ್ಕೆ ಒಂದು ಹೀಗೆ ಕನಿಷ್ಠ ಎರಡು ಜೊತೆ ಇರಬೇಕು. ಗಾಯಕ್ಕೆ ಪಟ್ಟಿ ಕಟ್ಟುವ ಅಥವಾ ಹೊಲಿಗೆ ಹಾಕುವ ಕೊಠಡಿ ಇದ್ದಲ್ಲಿ ಅದಕ್ಕೆ ಮೂರನೆಯ ಜೊತೆ ಅಗತ್ಯ.

ಪ್ರಶ್ನೆ: ಫಿನಾಯಿಲ್ ಹಾಕಿದ ನೀರಿನಿಂದ ಒರೆಸಿದರೆ ಒಂದೇ ಮಾಪ್ ಸಾಲದೇ?
ಉತ್ತರ: ಸಾಲದು. ವಾಸನೆಯು ಶುಚಿತ್ವದ ಪ್ರಮಾಣವಲ್ಲ. ಕೊಳೆ ತುಂಬಿದ ಮಾಪ್‌ನಲ್ಲಿ ಯಾವುದೇ ಸೋಂಕು ನಿವಾರಕವೂ ಪೂರ್ಣವಾಗಿ ಕೆಲಸ ಮಾಡುವುದಿಲ್ಲ.

ಪ್ರಶ್ನೆ: ಶೌಚಾಲಯದ ಮಾಪನ್ನು ಚೆನ್ನಾಗಿ ತೊಳೆದು ವಾರ್ಡಿಗೆ ಬಳಸಬಹುದೇ?
ಉತ್ತರ: ಬಳಸತಕ್ಕದ್ದಲ್ಲ. ತೊಳೆದ ನಂತರವೂ ಎಳೆಗಳ ನಡುವೆ ಕೊಳೆ ಉಳಿದಿರಬಹುದು. ವಾರ್ಡಿನ ಮಾಪ್ ಹಾಳಾಗಿದ್ದಲ್ಲಿ ಅದೇ ಬಣ್ಣದ ಹೊಸ ಮಾಪ್ ಬರುವವರೆಗೆ ಸ್ವಚ್ಛ ಬಟ್ಟೆಯನ್ನು ಬಳಸಬಹುದು.

ಪ್ರಶ್ನೆ: ರೋಗಿಯ ಕಡೆಯವರು ಏನು ಮಾಡಬಹುದು?
ಉತ್ತರ: ಹಾಸಿಗೆಯ ಬಳಿ ಏನಾದರೂ ಚೆಲ್ಲಿದಲ್ಲಿ ಶೌಚಾಲಯದ ಬಕೆಟ್ ಅಥವಾ ಮಾಪ್ ತಂದು ತಾವೇ ಒರೆಸದೆ ಶುಶ್ರೂಷಾಧಿಕಾರಿಗೆ ತಿಳಿಸಬೇಕು. ಒಂದೇ ಸಲಕರಣೆಯನ್ನು ಶೌಚಾಲಯ ಹಾಗೂ ವಾರ್ಡಿಗೆ ಬಳಸುತ್ತಿರುವುದು ಕಂಡುಬಂದಲ್ಲಿ ಆಡಳಿತ ವೈದ್ಯಾಧಿಕಾರಿಯವರ ಗಮನಕ್ಕೆ ತರಬಹುದು. ಸರ್ಕಾರಿ ಆಸ್ಪತ್ರೆಗಳಲ್ಲಿ ಆರೋಗ್ಯ ರಕ್ಷಾ ಸಮಿತಿಗೂ ಲಿಖಿತವಾಗಿ ತಿಳಿಸಬಹುದು. ಇಂತಹ ಸಂದರ್ಭದಲ್ಲಿ ಕೆಲಸಗಾರರನ್ನು ನಿಂದಿಸುವುದು ಸರಿಯಲ್ಲ. ಸಾಕಷ್ಟು ಸಲಕರಣೆ ಹಾಗೂ ತರಬೇತಿ ಒದಗಿಸುವ ಹೊಣೆ ಸಂಸ್ಥೆಯದಾಗಿರುತ್ತದೆ.

10. ಹೆಚ್ಚಿನ ಮಾಹಿತಿಗಾಗಿ

ಆರೋಗ್ಯ ಸಂಸ್ಥೆಗಳಿಗೆ ಸಂಬಂಧಿಸಿದ ವಿವರಗಳಿಗೆ ಆಯಾ ತಾಲ್ಲೂಕು ಆರೋಗ್ಯಾಧಿಕಾರಿಗಳ ಕಚೇರಿಯನ್ನು, ಆಹಾರೋದ್ಯಮಗಳಿಗೆ ಸಂಬಂಧಿಸಿದ ವಿವರಗಳಿಗೆ ಆಹಾರ ಸುರಕ್ಷತಾಧಿಕಾರಿಗಳನ್ನು ಅಥವಾ ಜಿಲ್ಲೆಯ ಅಂಕಿತಾಧಿಕಾರಿಗಳ ಕಚೇರಿಯನ್ನು ಕಚೇರಿ ವೇಳೆಯಲ್ಲಿ ಸಂಪರ್ಕಿಸಬಹುದಾಗಿದೆ.